ಪೌಲನ ಮೇಲಂಗಿ

ತಿಮೊಥೆಯನಿಗೆ ಬರೆದ ಎರಡನೆಯ ಪತ್ರದ ಕೊನೆಯಲ್ಲಿ ಒಂದು ಸಣ್ಣ ಕೋರಿಕೆಯಿದೆ. ತ್ರೋವ ಎಂಬ ಊರಿನಲ್ಲಿ ಕರ್ಪನ ಬಳಿ ಬಿಟ್ಟುಬಂದ ಮೇಲಂಗಿಯನ್ನೂ ಪುಸ್ತಕಗಳನ್ನೂ ತರಬೇಕು, ಚಳಿಗಾಲಕ್ಕೆ ಮುಂಚೆಯೇ ಬರಬೇಕು ಎಂದು ಸೆರೆಯಲ್ಲಿರುವ ಪೌಲ ಶಿಷ್ಯನಿಗೆ ಹೇಳಿಕಳುಹಿಸುತ್ತಾನೆ. ಮನಸ್ಸನ್ನು ಕರಗಿಸುವ ಮಾತು. ಆದರೆ ಆ ಪತ್ರವನ್ನು ಪೌಲ ಬರೆದೇ ಇಲ್ಲವೆಂದಾದರೆ, ಆ ಮೇಲಂಗಿಯನ್ನು ಏನೆಂದು ತಿಳಿಯೋಣ?

ಹೊಸ ಒಡಂಬಡಿಕೆಯಲ್ಲಿ ಪೌಲನ ಹೆಸರು ಹೊತ್ತ ಪತ್ರಗಳು 13. ಅವುಗಳಲ್ಲಿ 7 ಅವನವೇ ಎಂಬುದನ್ನು ವಿದ್ವಾಂಸರು ಬಹುಮಟ್ಟಿಗೆ ಒಪ್ಪುತ್ತಾರೆ. ತಿಮೊಥೆಯನಿಗೆ ಬರೆದ ಎರಡು ಮತ್ತು ತೀತನಿಗೆ ಬರೆದ ಒಂದು, ಈ ಮೂರರ ಮೇಲೆ ಸಂದೇಹ ಬಲವಾಗಿದೆ. 1807ರಲ್ಲಿ ಜರ್ಮನಿಯ ಶ್ಲೈಯರ್‌ಮಾಖರ್ ಇವುಗಳಲ್ಲಿ ಒಂದನ್ನು ಪೌಲನದಲ್ಲವೆಂದು ವಾದಿಸಿದರು. 1921ರಲ್ಲಿ ಹ್ಯಾರಿಸನ್ ಎಂಬ ಇಂಗ್ಲಿಷ್ ವಿದ್ವಾಂಸರು ಪದಗಳನ್ನೇ ಎಣಿಸಿದರು. ಮೂರು ಪತ್ರಗಳ ಶಬ್ದಕೋಶದಲ್ಲಿ ಮೂರರಲ್ಲೊಂದು ಪಾಲಿಗೂ ಮಿಕ್ಕು ಪೌಲನ ಬೇರೆ ಪತ್ರಗಳಲ್ಲಿ ಸಿಗುವುದಿಲ್ಲ. ಆದರೂ ಮೇಲಂಗಿಯ ಸಾಲುಗಳನ್ನು ಕೈಬಿಡಲು ಅವರಿಗೆ ಮನಸ್ಸಾಗಲಿಲ್ಲ. ಅವು ಪೌಲನದೇ ಯಾವುದೋ ಓಲೆಯ ತುಣುಕುಗಳೆಂದರು.

ಗುರುವಿನ ಹೆಸರಿನಲ್ಲಿ ಬರೆಯುವುದು ಆ ಕಾಲದಲ್ಲಿ ವಿನಯವೆನಿಸಿತ್ತು, ವಂಚನೆಯಲ್ಲ ಎಂದು ಕೆಲವರು ಸಮಾಧಾನ ಹೇಳುತ್ತಾರೆ. ಈ ಸಮಾಧಾನ ನನಗೆ ಸಾಲದು. ಥೆಸಲೋನಿಕದವರಿಗೆ ಬರೆದ ಎರಡನೆಯ ಪತ್ರವೇ ತಮ್ಮ ಹೆಸರಿನ ಸುಳ್ಳು ಪತ್ರಕ್ಕೆ ಬೆದರಬೇಡಿರೆಂದು ಎಚ್ಚರಿಸುತ್ತದೆ. ಆ ಪತ್ರವೂ ಪೌಲನದಲ್ಲವೆಂಬ ವಾದವುಂಟು ಎಂಬುದು ಬೇರೆ ಮಾತು! ನಮ್ಮ ಕಾಲದ ಬಾರ್ಟ್ ಏರ್ಮನ್ ಇಂಥ ಬರಹವನ್ನು ಪ್ರಾಚೀನರೂ ಸುಳ್ಳೆಂದೇ ಕರೆದರೆಂದು ವಿಸ್ತಾರವಾಗಿ ನಿರೂಪಿಸಿದ್ದಾರೆ.

ಕ್ರಿ.ಶ. 200ರ ಸುಮಾರಿಗೆ ತೆರ್ತುಲ್ಲಿಯನ್ ಒಂದು ಪ್ರಸಂಗವನ್ನು ದಾಖಲಿಸಿದ್ದಾನೆ. ಏಷ್ಯಾ ಪ್ರಾಂತದ ಸಭೆಯ ಹಿರಿಯನೊಬ್ಬ ಪೌಲನನ್ನೂ ಥೆಕ್ಲಾ ಎಂಬ ಶಿಷ್ಯೆಯನ್ನೂ ಕುರಿತು ಕಥೆ ಕಟ್ಟಿದ. ಸಿಕ್ಕಿಬಿದ್ದಾಗ, ಪೌಲನ ಮೇಲಿನ ಪ್ರೀತಿಯಿಂದ ಹಾಗೆ ಮಾಡಿದೆನೆಂದ. ಪ್ರೀತಿ ಅವನನ್ನು ಕಾಯಲಿಲ್ಲ, ಸ್ಥಾನ ಹೋಯಿತು. ಹೆಂಗಸರೂ ಬೋಧಿಸಬಹುದು, ದೀಕ್ಷಾಸ್ನಾನ ಕೊಡಬಹುದು ಎನ್ನುವವರಿಗೆ ಆ ಕಥೆ ಆಧಾರವಾಗಿತ್ತೆಂಬುದೇ ತೆರ್ತುಲ್ಲಿಯನ್ನನ ಸಿಟ್ಟಿಗೆ ಕಾರಣ. ಇತ್ತ, ಹೆಂಗಸು ಬೋಧಿಸಕೂಡದು, ಮೌನವಾಗಿರಬೇಕು ಎಂದು ವಿಧಿಸುವ ತಿಮೊಥೆಯನ ಮೊದಲ ಪತ್ರ ಪವಿತ್ರ ಗ್ರಂಥದಲ್ಲಿ ನೆಲೆಸಿತು. ರೋಮಿನವರಿಗೆ ಬರೆದ ಪತ್ರದಲ್ಲಿಯಾದರೋ ಪೌಲ ಫೊಯಿಬೆ ಎಂಬ ಸಭಾಸೇವಕಿಯನ್ನು ಗೌರವದಿಂದ ಬರಮಾಡಿಕೊಳ್ಳಿರೆನ್ನುತ್ತಾನೆ. ಕೊರಿಂಥದವರ ಪತ್ರದಲ್ಲಿಯೂ ಮೌನದ ಮಾತು ಬರುತ್ತದೆ, ನಿಜ. ಅದು ಪ್ರಕ್ಷಿಪ್ತವೆಂದು ಹಲವರ ಮತ. ಕರ್ತೃವಿಚಾರ ಪಂಡಿತರ ಪದವಿನೋದವಲ್ಲ. ಒಂದು ಹೆಸರಿನ ಬಲದಿಂದ ಎಷ್ಟು ಬಾಯಿಗಳು ಮುಚ್ಚಿದವೆಂಬ ಲೆಕ್ಕವೂ ಅದರೊಳಗಿದೆ.

ಐದನೆಯ ಶತಮಾನದಲ್ಲಿ ಮಾರ್ಸೇಲ್ಸಿನ ಸಾಲ್ವಿಯನ್ ತನ್ನದೇ ಒಂದು ಗ್ರಂಥವನ್ನು ತಿಮೊಥೆಯನ ಹೆಸರಿನಲ್ಲಿ ಹೊರಡಿಸಿದ. ಅವನ ಶಿಷ್ಯನಾಗಿದ್ದ ಬಿಷಪ್ ಸಲೋನಿಯಸ್ ವಿವರಣೆ ಕೇಳಿದ. ಉತ್ತರ ದೀರ್ಘವಾಗಿಯೇ ಬಂತು: ಓದುಗರು ವಿಷಯಕ್ಕಿಂತ ಬರೆದವನ ಹೆಸರಿಗೆ ಬೆಲೆ ಕೊಡುತ್ತಾರೆ, ಅಲ್ಪನ ಹೆಸರಿದ್ದರೆ ಹಿತವಾಕ್ಯವೂ ಹಗುರಾಗುತ್ತದೆ, ತಿಮೊಥೆಯನೆಂದರೆ ದೇವರನ್ನು ಗೌರವಿಸುವವನೆಂದೇ ಅರ್ಥ. ಆದರೆ ಅಷ್ಟುದ್ದದ ಪತ್ರದಲ್ಲಿ ಸಾಲ್ವಿಯನ್ ಆ ಗ್ರಂಥಕರ್ತನನ್ನು ಬೇರೆ ಯಾರೋ ಎಂಬಂತೆ ‘ಅವನು’ ಎಂದೇ ಕರೆಯುತ್ತಾನೆ.