ಬೀಳಗಿಯಿಂದ ಬಂದ ದನಿ



ತಿಕೋಟಾ, ಬಬಲೇಶ್ವರದ ಕಡೆಯ ಹಿರಿಯರಿಗೆ ವಿಜಯಪುರದ ಅಮೀರ್ ಟಾಕೀಸ್ ಹೊಸದಲ್ಲ. ಸಂತೆ, ಕೋರ್ಟು, ಕಚೇರಿ ಅಂತ ಬಂದವರು ಕೆಲಸ ಮುಗಿಸಿ, ಒಂದು ಆಟ ನೋಡಿಕೊಂಡೇ ಊರಿನ ಬಸ್ಸು ಹತ್ತುತ್ತಿದ್ದರು. ಆ ಅಮೀರ್ ಯಾರೋ ಸಾಹುಕಾರ ಇರಬೇಕು ಅಂದುಕೊಂಡವರೂ ಇದ್ದಾರು. ಅದು ಸಿನಿಮಾ ಗಾಯಕಿ, ನಟಿ ಅಮೀರಬಾಯಿ ಕರ್ನಾಟಕಿ ಅವರ ಹೆಸರು.

ಅವರು ಹುಟ್ಟಿದ್ದು ಬೀಳಗಿಯಲ್ಲಿ. ಆಗ ಅದು ವಿಜಾಪುರ ಜಿಲ್ಲೆಯೊಳಗಿತ್ತು. ಅಕ್ಕ ಗೋಹರಬಾಯಿ ಬಾಲಗಂಧರ್ವರ ನಾಟಕ ಕಂಪನಿ ಸೇರಿದರು. ತಂಗಿ ಹಿಡಿದದ್ದು ಮುಂಬಯಿಯ ಸಿನಿಮಾ. 1934ರಲ್ಲಿ 'ವಿಷ್ಣು ಭಕ್ತಿ'ಯಿಂದ ನಟನೆ ಶುರುವಾಯಿತು. ಬಣ್ಣ ಹಚ್ಚಿದವರೇ ಹಾಡಲೂ ಬೇಕಿದ್ದ ಕಾಲ ಅದು. ಒಂದೆರಡು ವರ್ಷದಲ್ಲೇ ಹಿನ್ನೆಲೆ ಗಾಯನ ಬಂತು. ಮುಖ ಒಬ್ಬರದು, ದನಿ ಇನ್ನೊಬ್ಬರದು. ನಟಿಯಾಗಿ ಅಷ್ಟಾಗಿ ಮೇಲೇಳದ ಅಮೀರಬಾಯಿಗೆ ದಾರಿ ತೆರೆದದ್ದು ಈ ಏರ್ಪಾಡೇ.

1943ರ 'ಕಿಸ್ಮತ್' ನೆನೆಯಿರಿ. ಪರದೆಯ ಮೇಲೆ ಮುಮ್ತಾಜ್ ಶಾಂತಿ, ದನಿ ನಮ್ಮ ಸೀಮೆಯದು. ಕ್ವಿಟ್ ಇಂಡಿಯಾ ಚಳವಳಿಯ ಬಿಸಿ ಆರಿರಲಿಲ್ಲ. ಹಿಂದುಸ್ತಾನ ನಮ್ಮದು, ಹೊರಗಿನವರು ದೂರ ಸರಿಯಿರಿ ಅನ್ನುವ ಹಾಡನ್ನು ಈ ಚಿತ್ರಕ್ಕೆ ಕವಿ ಪ್ರದೀಪ್ ಬರೆದರು. ನಡುವೆ ಜರ್ಮನ್, ಜಪಾನಿಗಳ ಹೆಸರು ಸೇರಿಸಿದ್ದರಿಂದ ಬ್ರಿಟಿಷರ ಸೆನ್ಸಾರ್ ಸುಮ್ಮನಾಯಿತು. ಸೆನ್ಸಾರಿಗೆ ತಿಳಿಯದ್ದು ಮಂದಿಗೆ ತಿಳಿಯಿತು! ಕಲ್ಕತ್ತೆಯ ರಾಕ್ಸಿ ಚಿತ್ರಮಂದಿರದಲ್ಲಿ ಸಿನಿಮಾ ಮೂರು ವರ್ಷಕ್ಕೂ ಮಿಕ್ಕಿ ಓಡಿತು.

ಆ ಕಾಲದ ಧ್ವನಿಮುದ್ರಣ ಈಗಿನಂತಲ್ಲ. ವಾದ್ಯಗಾರರು ಸುತ್ತ ಕೂತಿರಬೇಕು, ಗಾಯಕಿ ಮೈಕಿನ ಮುಂದೆ ನಿಂತು ಪೂರಾ ಹಾಡನ್ನು ಒಂದೇ ಓಟದಲ್ಲಿ ಮುಗಿಸಬೇಕು. ಕೊನೆಯ ಸಾಲಿನಲ್ಲಿ ತಬಲಾದವನು ತಪ್ಪಿದರೂ ಮತ್ತೆ ಮೊದಲಿನಿಂದ.

ಅವರ ಬದುಕಿನ ಕತೆ ಹೇಳುವವರು ಬೇಗನೆ ಮೊದಲ ಮದುವೆಗೆ ಬಂದುಬಿಡುತ್ತಾರೆ. ಗಂಡ ಹಿಮಾಲಯವಾಲಾ ಸಿನಿಮಾದ ಖಳನಾಯಕ. ಆ ಸಂಸಾರದಲ್ಲಿ ಸುಖವಿರಲಿಲ್ಲ, ಅಮೀರಬಾಯಿ ಬಿಡುಗಡೆ ಪಡೆದರು. ಆಮೇಲೆ ಬದ್ರಿ ಕಾಂಚವಾಲಾ ಅವರೊಂದಿಗೆ ನೆಮ್ಮದಿಯಿಂದ ಬಾಳಿದರು. 1965ರಲ್ಲಿ ಮುಂಬಯಿಯಲ್ಲಿ ತೀರಿಕೊಂಡರು, ಮಣ್ಣಾದದ್ದು ವಿಜಯಪುರದಲ್ಲಿ. ಹೆಣ್ಣುಮಕ್ಕಳ ಕತೆ ಅಂದರೆ ನಮಗೆ ಕಣ್ಣೀರಿನ ಭಾಗವೇ ಹೆಚ್ಚು ರುಚಿ. ದುಡಿಮೆಯ ಭಾಗ ಬಂದಾಗ ಆಕಳಿಸುತ್ತೇವೆ.

ದುಡಿಮೆಯ ಭಾಗ ಇಲ್ಲಿದೆ. 1948ರಲ್ಲಿ 'ಶಹನಾಜ್' ಚಿತ್ರಕ್ಕೆ ಅಮೀರಬಾಯಿ ಸಂಗೀತ ನಿರ್ದೇಶನ ಮಾಡಿದರು. ಅದಕ್ಕೂ ಮೊದಲು ಆ ಜಾಗದಲ್ಲಿ ಕೂತ ಹೆಂಗಸರು ಜದ್ದನ್‌ಬಾಯಿ, ಸರಸ್ವತಿದೇವಿ, ಹೀಗೆ ಬೆರಳೆಣಿಕೆಯಷ್ಟೇ. ಹಾಡುವವರು ಬೇರೆಯವರ ಧಾಟಿಗೆ ದನಿ ಕೊಡುತ್ತಾರೆ. ಇಲ್ಲಿ ಧಾಟಿ ಕಟ್ಟುವುದು, ಯಾವ ವಾದ್ಯ ಎಲ್ಲಿ ಬರಬೇಕು ಅನ್ನುವುದು, ಎಲ್ಲವೂ ಅವರದೇ. ರಹಮತ್ ತರೀಕೆರೆಯವರು ಕನ್ನಡದಲ್ಲಿ ಅಮೀರಬಾಯಿಯ ಜೀವನಚರಿತ್ರೆ ಬರೆದಿದ್ದಾರೆ. ಇಷ್ಟಾದರೂ, ಬೀಳಗಿಯ ಹೆಣ್ಣುಮಗಳೊಬ್ಬಳು ಮುಂಬಯಿಯ ವಾದ್ಯಗಾರರಿಗೆ ಹೀಗಲ್ಲ, ಹೀಗೆ ಬಾರಿಸಿರಿ ಅಂತ ಹೇಳುವ ಜಾಗದಲ್ಲಿ ಕೂತಿದ್ದಳು ಅನ್ನುವುದನ್ನು ನಮ್ಮ ಮನೆಯ ಹುಡುಗಿಯರಿಗೆ ನಾವಿನ್ನೂ ಹೇಳಿಲ್ಲ.