ಬರಿಗಾಲಿನ ಅಹ್ಮದ್ ಖಾನ್



1952ರ ಜುಲೈ. ಹೆಲ್ಸಿಂಕಿಯ ಒಲಿಂಪಿಕ್ಸ್‌ನಲ್ಲಿ ಯುಗೊಸ್ಲಾವಿಯ ನಮ್ಮ ಫುಟ್‌ಬಾಲ್ ತಂಡದ ಮೇಲೆ ಹತ್ತು ಗೋಲು ಹೊಡೆಯಿತು. ಚಳಿ ನಾಡಿನ ಮೈದಾನ, ಎದುರಾಳಿಗಳ ಕಾಲಲ್ಲಿ ಬೂಟು. ನಮ್ಮವರಲ್ಲಿ ಹಲವರದು ಬರಿಗಾಲು. ಆ ದಿನ ಭಾರತಕ್ಕೆ ದಕ್ಕಿದ ಒಂದೇ ಗೋಲು ಬೆಂಗಳೂರಿನ ಅಹ್ಮದ್ ಖಾನ್ ಅವರದು.

ಎಷ್ಟು ಜನ ಕನ್ನಡಿಗರಿಗೆ ಈ ಹೆಸರು ಗೊತ್ತು? 1948ರ ಲಂಡನ್ ಒಲಿಂಪಿಕ್ಸ್‌ನಲ್ಲೂ ಆಡಿದವರು, 1951ರ ಏಷ್ಯನ್ ಕ್ರೀಡಾಕೂಟದ ಚಿನ್ನದ ತಂಡದಲ್ಲಿದ್ದವರು. ಅವರ ಸಹೋದರರೂ ಫುಟ್‌ಬಾಲ್ ಆಟಗಾರರೇ. ಹುಟ್ಟೂರು ಬಿಟ್ಟು ಕೋಲ್ಕತ್ತಕ್ಕೆ ಹೋಗಿ ಈಸ್ಟ್ ಬೆಂಗಾಲ್ ಸೇರಿದರು. ಅಲ್ಲಿನ ಜನ ಅವರೂ ಸೇರಿದಂತೆ ಐವರು ಮುಂಪಡೆ ಆಟಗಾರರನ್ನು ಪಂಚಪಾಂಡವರೆಂದು ಕರೆದು ಕುಣಿದಾಡಿದರು. ಆ ಕಾಲದ ಆಟಗಾರನಿಗೆ ಇಂದಿನ ಕೋಟಿಗಳ ಒಪ್ಪಂದ ಇರಲಿಲ್ಲ. 2017ರ ಆಗಸ್ಟ್‌ನಲ್ಲಿ, ತೊಂಬತ್ತರ ವಯಸ್ಸಿನಲ್ಲಿ, ಅವರು ಬೆಂಗಳೂರಿನಲ್ಲೇ ತೀರಿಕೊಂಡರು.

ಜಗತ್ತೇ ಕೊಂಡಾಡಿದ ಫುಟ್‌ಬಾಲ್ ಆಟಗಾರ ಪೆಲೆ ಕೂಡ ಬಡತನದಿಂದಾಗಿ ಬಾಲ್ಯದಲ್ಲಿ ಬೂಟು ಪಾಲಿಶ್ ಮಾಡಿದವರು. ತಂದೆಯೂ ಆಟಗಾರ, ಮೊಣಕಾಲಿನ ಗಾಯ ಅವರ ಆಟವನ್ನು ಕಸಿದುಕೊಂಡಿತ್ತು. ಗೋಲು ಎಲ್ಲರಿಗೂ ಕಾಣುತ್ತದೆ, ಮನೆಯ ಒಲೆ ಉರಿಯಿತೇ ಎಂಬುದು ಯಾರಿಗೂ ಕಾಣುವುದಿಲ್ಲ.

ನಮ್ಮ ರಾಯಚೂರು ಜಿಲ್ಲೆಯ ದೇವದುರ್ಗ, ಮಾನ್ವಿಯ ಮಕ್ಕಳ ಕಡೆ ನೋಡಿ. ಹತ್ತಿ ಬಿಡಿಸುವ ಸುಗ್ಗಿ ಬಂದರೆ ಕೆಲವರು ಹೊಲಕ್ಕೆ ಹೋಗುತ್ತಾರೆ; ಅಪ್ಪ-ಅವ್ವ ಗುಳೆ ಹೊರಟರೆ ಅವರ ಹಿಂದೆಯೇ ಹೊರಡುತ್ತಾರೆ. ಅಂಥ ಮಗುವಿಗೆ ಓಡುವ ಕಾಲಿದ್ದರೂ ಮೈದಾನ ಸಿಗುವುದಿಲ್ಲ.

ರಾಯಚೂರು ಜಿಲ್ಲೆಯ ಶಿಕ್ಷಕರೆ, ಊರಿನ ಹಿರಿಯರೆ, ಆಟದಲ್ಲಿ ಚುರುಕಾದ ಮಗು ಎರಡು ದಿನ ಶಾಲೆಗೆ ಬರದಿದ್ದರೆ ದಯವಿಟ್ಟು ಅದರ ಮನೆಗೆ ಹೋಗಿ ವಿಚಾರಿಸಿ.