ಅಂಗಾರರ ಆರು ಗೆಲುವು



ತುಳುನಾಡಿನಲ್ಲಿ ಒಬ್ಬನ ಹೆಸರು ಕೇಳಿದರೆ ಸಾಕು, ಆತ ವಾರದ ಯಾವ ದಿನ ಹುಟ್ಟಿದವನೆಂದು ಹೇಳಿಬಿಡಬಹುದಾದ ಕಾಲವೊಂದಿತ್ತು. ಐತವಾರ ಹುಟ್ಟಿದವನು ಐತ, ಸೋಮವಾರದವನು ಚೋಮ, ಮಂಗಳವಾರದವನು ಅಂಗಾರ, ಬುಧವಾರದವನು ಬೂದ, ಗುರುವಾರದವನು ಗುರುವ, ಶುಕ್ರವಾರದವನು ತುಕ್ರ ಅಥವಾ ಹುಕ್ರ, ಶನಿವಾರದವನು ತನಿಯ. ಧಣಿಗಳ ಮನೆಯ ಮಗುವಿಗೆ ದೇವರ ಹೆಸರು, ಗದ್ದೆಯಲ್ಲಿ ದುಡಿಯುವವನ ಮಗುವಿಗೆ ವಾರದ ಹೆಸರು. ಪುತ್ತೂರಿನಲ್ಲಿ ಬಹುಕಾಲ ನೆಲೆಸಿದ್ದ ಶಿವರಾಮ ಕಾರಂತರು 1930ರ ದಶಕದಲ್ಲಿ ‘ಚೋಮನ ದುಡಿ’ ಬರೆದಾಗ ನಾಯಕನಿಗೆ ಇಟ್ಟದ್ದೂ ಇಂಥದೇ ಹೆಸರನ್ನು. ಆ ಚೋಮ ಬೇಡಿದ್ದು ತಾನೇ ಬೇಸಾಯ ಮಾಡಲು ಒಂದು ತುಂಡು ಗದ್ದೆ. ಅದು ಅವನಿಗೆ ಸಿಗಲಿಲ್ಲ.

ಚೋಮನ ಕಥೆ ಬಂದ ಸುಮಾರು ಐವತ್ತು ವರ್ಷಕ್ಕೆ, 1983ರಲ್ಲಿ, ಸುಳ್ಯ ಮೀಸಲು ಕ್ಷೇತ್ರದಿಂದ ಬಾಕಿಲ ಹುಕ್ರಪ್ಪ ಎಂಬವರು ವಿಧಾನಸಭೆಗೆ ಆರಿಸಿ ಬಂದರು. ಆ ಸಲ ರಾಜ್ಯದಲ್ಲಿ ಗೆದ್ದ 18 ಮಂದಿ ಬಿಜೆಪಿ ಶಾಸಕರಲ್ಲಿ ಅವರೂ ಒಬ್ಬರು. ಮತ್ತೆ ಎರಡು ಅವಧಿ ಕ್ಷೇತ್ರ ಕಾಂಗ್ರೆಸ್ಸಿನ ಕೆ. ಕುಶಲ ಅವರ ಕೈಯಲ್ಲಿತ್ತು. 1994ರಲ್ಲಿ ಬಿಜೆಪಿಯಿಂದ ಗೆದ್ದವರು ಎಸ್. ಅಂಗಾರ. ಶುಕ್ರವಾರದ ಹೆಸರಿನವರು ಹೋದ ದಾರಿಯಲ್ಲಿ ಮಂಗಳವಾರದ ಹೆಸರಿನವರು ಹೊರಟಿದ್ದರು.

ಕೂಲಿ ಮಾಡಿ ಬದುಕಿದ್ದ ಅಂಗಾರರು 1994, 1999, 2004, 2008, 2013, 2018 ಹೀಗೆ ಎಡೆಬಿಡದೆ ಆರು ಬಾರಿ ಗೆದ್ದರು. ದೊಡ್ಡ ದೊಡ್ಡ ಮನೆತನದವರಿಗೂ ಇಂಥ ದಾಖಲೆ ಸುಲಭವಲ್ಲ. ಆದರೂ ಕರ್ನಾಟಕದ ಉಳಿದ ಭಾಗದಲ್ಲಿ ಅವರ ಹೆಸರು ಹೇಳಿದರೆ ‘ಯಾರವರು?’ ಎಂದು ಕೇಳುವವರೇ ಹೆಚ್ಚು. ಆರು ಸಲ ಗೆದ್ದವರಿಗೆ ಹೀಗೇಕಾಯಿತು ಎಂಬುದು ವಿಚಾರ ಮಾಡಬೇಕಾದ ಸಂಗತಿ.

ಇದನ್ನು ತಿಳಿಯಲು ಇನ್ನೊಬ್ಬರನ್ನು ಪಕ್ಕದಲ್ಲಿ ನಿಲ್ಲಿಸಿ ನೋಡಬೇಕು. ಡಿ.ವಿ. ಸದಾನಂದ ಗೌಡರು ಸುಳ್ಯ ತಾಲೂಕಿನ ಮಂಡೆಕೋಲಿನವರು. ಅವರು ಮೊದಲ ಬಾರಿಗೆ ಶಾಸಕರಾದದ್ದೂ 1994ರಲ್ಲೇ, ಅದೇ ಬಿಜೆಪಿಯಿಂದಲೇ. ಆದರೆ ಪಕ್ಕದ ಪುತ್ತೂರು ಕ್ಷೇತ್ರದಿಂದ. ಹುಟ್ಟೂರಿನ ಕ್ಷೇತ್ರ ಮೀಸಲಾಗಿದ್ದುದರಿಂದ ಗೌಡರು ಅಲ್ಲಿ ನಿಲ್ಲುವಂತಿರಲಿಲ್ಲ. ನೋಡಿದರೆ ಇದು ಗೌಡರಿಗೆ ಆದ ತೊಂದರೆ. ಆದರೆ ಅಲ್ಲಿಂದ ಮುಂದಿನದನ್ನು ನೋಡಿ. ಪುತ್ತೂರಿನಲ್ಲಿ ಎರಡು ಬಾರಿ ಗೆದ್ದು, 2004ರಲ್ಲಿ ಮಂಗಳೂರಿನಿಂದ, 2009ರಲ್ಲಿ ಉಡುಪಿ-ಚಿಕ್ಕಮಗಳೂರಿನಿಂದ, ಆಮೇಲೆ ಬೆಂಗಳೂರು ಉತ್ತರದಿಂದ ಅವರು ಲೋಕಸಭೆಗೆ ಹೋದರು. ಪಕ್ಷದ ರಾಜ್ಯಾಧ್ಯಕ್ಷರಾದರು. 2011ರ ಆಗಸ್ಟಿನಲ್ಲಿ ಮುಖ್ಯಮಂತ್ರಿಯಾದರು, 2014ರಲ್ಲಿ ಕೇಂದ್ರದ ರೈಲ್ವೆ ಮಂತ್ರಿಯಾದರು. ಅಂಗಾರರು ಅಷ್ಟೂ ಕಾಲ ಸುಳ್ಯದಲ್ಲೇ ಇದ್ದರು.

ಗೌಡರು ವಕೀಲರು, ಮಾತುಗಾರರು, ಸಂಘಟನೆಯಲ್ಲಿ ಪಳಗಿದವರು. ಅವರ ಏಳಿಗೆಗೆ ಅವರದೇ ದುಡಿಮೆ ಕಾರಣವೆಂಬುದರಲ್ಲಿ ಎರಡು ಮಾತಿಲ್ಲ. ಆದರೆ ಒಂದು ವ್ಯತ್ಯಾಸ ಕಣ್ಣಿಗೆ ಹೊಡೆಯುತ್ತದೆ. ಒಬ್ಬರಿಗೆ ಕ್ಷೇತ್ರದಿಂದ ಕ್ಷೇತ್ರಕ್ಕೆ ಹೋಗುವ ದಾರಿ ತೆರೆದಿತ್ತು, ಇನ್ನೊಬ್ಬರಿಗೆ ಇದ್ದದ್ದು ಒಂದೇ ಕ್ಷೇತ್ರ. ದಕ್ಷಿಣ ಕನ್ನಡದ ಎಂಟು ವಿಧಾನಸಭಾ ಕ್ಷೇತ್ರಗಳಲ್ಲಿ ಪರಿಶಿಷ್ಟ ಜಾತಿಗೆ ಮೀಸಲಾದದ್ದು ಸುಳ್ಯ ಮಾತ್ರ. ಸಾಮಾನ್ಯ ಕ್ಷೇತ್ರದಲ್ಲಿ ಪರಿಶಿಷ್ಟರು ನಿಲ್ಲಬಾರದೆಂದು ಕಾನೂನು ಎಲ್ಲೂ ಹೇಳುವುದಿಲ್ಲ. ಟಿಕೆಟು ಕೊಡುವ ಪಕ್ಷ ಯಾವುದು? ಮೀಸಲಾತಿ ಕೊಟ್ಟದ್ದು ಒಂದು ಬಾಗಿಲು; ಅದೇ ಕಾಲಕ್ರಮದಲ್ಲಿ ಬೇಲಿಯೂ ಆಯಿತು.

ಈ ಕ್ಷೇತ್ರದ ಇನ್ನೊಂದು ಗುಟ್ಟು ಸ್ವಾರಸ್ಯಕರವಾದುದು. ಸುಳ್ಯ ತಾಲೂಕು ಮತ್ತು ಈಗಿನ ಕಡಬ ತಾಲೂಕಿನ ಹಳ್ಳಿಗಳು, ಕುಕ್ಕೆ ಸುಬ್ರಹ್ಮಣ್ಯವೂ ಸೇರಿದಂತೆ, ಇದರೊಳಗೆ ಬರುತ್ತವೆ. ಅಡಿಕೆ, ರಬ್ಬರು ತೋಟಗಳ ಸೀಮೆ. ಇಲ್ಲಿ ಅರೆಭಾಷೆ ಗೌಡರು ದೊಡ್ಡ ಸಂಖ್ಯೆಯಲ್ಲಿದ್ದಾರೆ. ಹವ್ಯಕರು, ಬಿಲ್ಲವರು, ಮುಸ್ಲಿಮರು, ಕ್ರೈಸ್ತರು ಇದ್ದಾರೆ. ಅಭ್ಯರ್ಥಿಗಳೆಲ್ಲ ಪರಿಶಿಷ್ಟ ಜಾತಿಯವರೇ ಆದ ಮೇಲೆ ಗೆಲುವನ್ನು ನಿರ್ಧರಿಸುವುದು ಉಳಿದವರ ಮತ. ಹಾಗಾಗಿ ಅಭ್ಯರ್ಥಿ ತನ್ನವರಿಗಿಂತ ಹೆಚ್ಚಾಗಿ ಉಳಿದವರಿಗೆ ಒಪ್ಪಿಗೆಯಾಗಬೇಕು. ಅಂಬೇಡ್ಕರರು ಪರಿಶಿಷ್ಟರಿಗೆ ಪ್ರತ್ಯೇಕ ಮತದಾರ ವರ್ಗ ಕೇಳಿದ್ದಕ್ಕೂ, 1932ರ ಪುಣೆ ಒಪ್ಪಂದದಲ್ಲಿ ಅದನ್ನು ಬಿಟ್ಟು ಜಂಟಿ ಮತದಾನದ ಮೀಸಲು ಸ್ಥಾನಗಳಿಗೆ ಒಪ್ಪಬೇಕಾಗಿ ಬಂದುದಕ್ಕೆ ಆಮೇಲೆಯೂ ಕೊರಗಿದ್ದಕ್ಕೂ ಇದೇ ಕಾರಣ. ಪುಣೆಯ ಆ ಕಾಗದದ ಫಲವನ್ನು ಸುಳ್ಯದ ಮತಪೆಟ್ಟಿಗೆಯಲ್ಲಿ ಕಾಣಬಹುದು.

ಅಂಗಾರರು ಒಪ್ಪಿಗೆಯಾದರು. ಗಟ್ಟಿ ಮಾತು ಆಡುವವರಲ್ಲ, ಹಣ ಮಾಡಿದವರೆಂಬ ಹೆಸರಿಲ್ಲ, ಯಾರ ಮನೆಯ ಅಂಗಳದಲ್ಲಾದರೂ ಕೂತು ಮಾತಾಡುವವರು. ಇದನ್ನು ಸರಳತೆ ಎಂದು ಹೊಗಳುವವರಿದ್ದಾರೆ. ‘ಆಳು ಧಣಿಯ ಮುಂದೆ ಸರಳನಾಗಿರದೆ ಇನ್ನೇನು ಮಾಡಿಯಾನು?’ ಎಂದು ಕೇಳುವವರೂ ಇದ್ದಾರೆ. ಎರಡನೆಯ ಮಾತು ಕಹಿಯಾದರೂ ತಳ್ಳಿಹಾಕುವಂತಿಲ್ಲ. ಬ್ರಿಟಿಷರ ಕಾಲದಲ್ಲಿ ದಲಿತರಿಗೆಂದು ತೆಗೆದಿಟ್ಟ ಡಿ.ಸಿ. ಮನ್ನಾ ಭೂಮಿಯ ಪ್ರಶ್ನೆಯನ್ನೇ ತೆಗೆದುಕೊಳ್ಳಿ. ಅದನ್ನು ಅಳತೆ ಮಾಡಿ ಹಂಚಿ ಎಂಬ ಕೂಗು ಜಿಲ್ಲೆಯಲ್ಲಿ ದಶಕಗಳಿಂದ ಇದೆ. ಮೀಸಲು ಕ್ಷೇತ್ರದ ಶಾಸಕರು ಆ ಭೂಮಿಗಾಗಿ ಹಟ ಹಿಡಿದರೆ ಮತ ಹಾಕುವ ಭೂಮಾಲೀಕರು ಏನನ್ನಬಹುದು? ಚೋಮನ ಗದ್ದೆಯ ಪ್ರಶ್ನೆ ಅಲ್ಲೇ ಇದೆ. ರಸ್ತೆ, ಸೇತುವೆ, ವಿದ್ಯುತ್ತಿನ ದೂರುಗಳೂ ಕಡಿಮೆಯಿರಲಿಲ್ಲ. ಚುನಾವಣೆ ಬಂದಾಗ ಕೆಲವು ಹಳ್ಳಿಗಳಲ್ಲಿ ಮತದಾನ ಬಹಿಷ್ಕಾರದ ಫಲಕಗಳು ಎದ್ದವು.

ಇನ್ನು ಮಂತ್ರಿಗಿರಿಯ ಮಾತು. ಮೊದಲ ಎರಡು ಅವಧಿಯಲ್ಲಿ ಪಕ್ಷ ವಿರೋಧದಲ್ಲಿತ್ತು, ಕೇಳುವಂತಿರಲಿಲ್ಲ. 2006ರಲ್ಲಿ ಬಿಜೆಪಿ ಜೆಡಿಎಸ್ ಜೊತೆ ಅಧಿಕಾರ ಹಿಡಿಯಿತು. 2008ರಲ್ಲಿ ಯಡಿಯೂರಪ್ಪನವರ ಸರಕಾರ ಬಂತು, 2011ರಲ್ಲಿ ತನ್ನ ತಾಲೂಕಿನವರೇ ಆದ ಸದಾನಂದ ಗೌಡರದು, 2012ರಲ್ಲಿ ಶೆಟ್ಟರರದು. ಒಂದರಲ್ಲೂ ಅಂಗಾರರ ಹೆಸರಿಲ್ಲ. 2013ರಲ್ಲಿ ಕಾಂಗ್ರೆಸ್ ಅಲೆಗೆ ಜಿಲ್ಲೆಯ ಎಂಟರಲ್ಲಿ ಏಳು ಸ್ಥಾನ ಬಿಜೆಪಿಗೆ ದಕ್ಕಲಿಲ್ಲ. ಉಳಿದದ್ದು ಸುಳ್ಯ ಒಂದೇ, ಅದೂ ಡಾ. ಬಿ. ರಘು ಅವರೆದುರು ಒಂದೂವರೆ ಸಾವಿರಕ್ಕಿಂತ ಕಡಿಮೆ ಮತಗಳ ಅಂತರದಲ್ಲಿ. ಪಕ್ಷದ ಮಾನ ಜಿಲ್ಲೆಯಲ್ಲಿ ಉಳಿಸಿದವರು ಅಂಗಾರರು. 2019ರ ಆಗಸ್ಟಿನಲ್ಲಿ ಮತ್ತೆ ಯಡಿಯೂರಪ್ಪನವರ ಸಂಪುಟ ರಚನೆಯಾದಾಗ ‘ಈ ಸಲವಂತೂ ಖಂಡಿತ’ ಎಂದುಕೊಂಡಿದ್ದ ಸುಳ್ಯದ ಪಕ್ಷದವರು ಪಟ್ಟಿ ನೋಡಿ ಸಿಟ್ಟಾಗಿ ಅಸಹಕಾರದ ಮಾತಾಡಿದರು. ಅಂಗಾರರು ಮಾತ್ರ ಬಂಡಾಯ ಏಳಲಿಲ್ಲ.

ಸಂಪುಟದ ಲೆಕ್ಕಾಚಾರ ಬೇರೆಯೇ ಇರುತ್ತದೆ. ಪಕ್ಷ ಬಿಟ್ಟು ಹೋಗಬಲ್ಲವನಿಗೆ, ಬೇರೆ ಪಕ್ಷದಿಂದ ಬಂದವನಿಗೆ, ಜಾತಿಯ ಬಲ ತೋರಿಸಬಲ್ಲವನಿಗೆ ಅಲ್ಲಿ ಮೊದಲ ಮಣೆ. ಕೈತಪ್ಪುವ ಭಯವೇ ಇಲ್ಲದ ಕ್ಷೇತ್ರದ, ಮುನಿಸಿಕೊಳ್ಳಲೂ ಅರಿಯದ ಶಾಸಕನಿಗೆ ಊಟದ ಪಂಕ್ತಿಯಲ್ಲಿ ಕೊನೆಯ ಎಲೆ. ಆ ಎಲೆ ಬಿದ್ದದ್ದು 2021ರ ಜನವರಿ 13ರಂದು, ಶಾಸಕರಾಗಿ 26 ವರ್ಷ ಕಳೆದ ಮೇಲೆ. ಕೊಟ್ಟ ಖಾತೆಯಾದರೂ ಯಾವುದು? ಮೀನುಗಾರಿಕೆ, ಬಂದರು, ಒಳನಾಡು ಜಲಸಾರಿಗೆ. ಘಟ್ಟದ ಬುಡದ, ಕಡಲ ಗಾಳಿ ಸೋಕದ ಸುಳ್ಯದವರಿಗೆ ಬಂದರಿನ ಖಾತೆ! ಆದರೂ ಬೊಮ್ಮಾಯಿಯವರ ಸಂಪುಟದಲ್ಲೂ ಅವರು ಮುಂದುವರಿದರು.

ಇಲ್ಲಿ ಬಹುದೂರದ ಒಂದು ನಾಡನ್ನು ನೆನೆಯುವುದು ಉಪಯುಕ್ತ. ಕೆನಡಾದ ಉತ್ತರ ತುದಿಯ ಹಿಮಸೀಮೆಯಲ್ಲಿ ಇನುಯಿಟ್ ಎಂಬ ಮೂಲನಿವಾಸಿಗಳಿದ್ದಾರೆ. ಅವರಲ್ಲಿ ಮೊದಲಿಗೆ ದೇಶದ ಸಂಸತ್ತಿಗೆ ಆರಿಸಿ ಹೋದವರು ಪೀಟರ್ ಇಟ್ಟಿನುವಾರ್, 1979ರಲ್ಲಿ. ಒಂದು ಪೀಠ ಸಿಕ್ಕಿತು, ಆದರೆ ಆ ದೊಡ್ಡ ಸಭೆಯಲ್ಲಿ ಒಬ್ಬನ ದನಿ ಎಷ್ಟು ಕೇಳಿಸೀತು? 1999ರ ಏಪ್ರಿಲ್ 1ರಂದು ಆ ಸೀಮೆಯೇ ನುನಾವುತ್ ಎಂಬ ಪ್ರತ್ಯೇಕ ಆಡಳಿತ ಪ್ರದೇಶವಾಯಿತು. ಅಲ್ಲಿನ ಜನರಲ್ಲಿ ನೂರಕ್ಕೆ ಎಂಬತ್ತಕ್ಕಿಂತ ಹೆಚ್ಚು ಮಂದಿ ಇನುಯಿಟರು. ಮೊದಲ ಶಾಸನಸಭೆಯ 19 ಸದಸ್ಯರಿಗೆ ಪಕ್ಷವೇ ಇರಲಿಲ್ಲ. ಅವರೆಲ್ಲ ಸೇರಿ ತಮ್ಮೊಳಗಿನ ಪಾಲ್ ಒಕಾಲಿಕ್ ಎಂಬ ತರುಣ ವಕೀಲರನ್ನು ಮುಖ್ಯಸ್ಥರನ್ನಾಗಿ ಆರಿಸಿದರು. ಟಿಕೆಟು ಕೇಳಲು ಯಾರ ಮನೆ ಬಾಗಿಲಿಗೂ ಹೋಗಬೇಕಾಗಿರಲಿಲ್ಲ. ಸುಳ್ಯದಲ್ಲಿ ಅಂಥದು ಸಾಧ್ಯವಿಲ್ಲ, ನಿಜ. ಪರಿಶಿಷ್ಟರು ಊರೂರಿಗೆ ಹಂಚಿಹೋದವರು, ಎಲ್ಲ ಕಡೆ ಅಲ್ಪಸಂಖ್ಯೆಯವರು. ಆದರೆ ಪೀಠ ಬೇರೆ, ಅಧಿಕಾರ ಬೇರೆ ಎಂಬುದನ್ನು ಆ ನಾಡು ತೋರಿಸುತ್ತದೆ.

2023ರ ಏಪ್ರಿಲಿನಲ್ಲಿ ಪಕ್ಷ ಅಂಗಾರರಿಗೆ ಟಿಕೆಟು ನಿರಾಕರಿಸಿತು. ಮೂರು ದಶಕ ಬಾಯಿ ಬಿಡದವರು ಆಗ ಬಾಯಿ ಬಿಟ್ಟರು. ಪ್ರಾಮಾಣಿಕತೆಗೆ ಬೆಲೆ ಸಿಗಲಿಲ್ಲವೆಂದು ನೊಂದು ರಾಜಕೀಯದಿಂದ ನಿವೃತ್ತಿ ಎಂದರು. ಕೆಲವೇ ದಿನಗಳಲ್ಲಿ ಆ ಮಾತನ್ನು ಹಿಂದೆಗೆದುಕೊಂಡು ಪಕ್ಷದ ಕೆಲಸಕ್ಕೆ ನಿಂತರು. ಅವರ ಸ್ವಭಾವ ಬಲ್ಲವರಿಗೆ ಎರಡರಲ್ಲಿ ಆಶ್ಚರ್ಯ ಹುಟ್ಟಿಸಿದ್ದು ಮೊದಲನೆಯದೇ.

ಅವರ ಬದಲಿಗೆ ನಿಂತವರು ಜಿಲ್ಲಾ ಪಂಚಾಯತ್ ಸದಸ್ಯೆಯಾಗಿದ್ದ ಭಾಗೀರಥಿ ಮುರುಳ್ಯ. 30 ಸಾವಿರಕ್ಕೂ ಹೆಚ್ಚು ಮತಗಳ ಅಂತರದಿಂದ ಗೆದ್ದು ಅವರು ಸುಳ್ಯದ ಮೊದಲ ಶಾಸಕಿಯಾದರು. 2018ರಲ್ಲಿ ಅಂಗಾರರಿಗೆ ಸಿಕ್ಕ ಅಂತರಕ್ಕಿಂತ ಇದು ಹೆಚ್ಚು. ಆರು ಸಲ ಗೆದ್ದವರನ್ನು ಬದಲಿಸಿದರೆ ಕ್ಷೇತ್ರ ಅಲುಗಾಡೀತು ಎಂದು ಎಣಿಸಿದ್ದವರ ಲೆಕ್ಕ ತಪ್ಪಿತು. ಅದೇ ಚುನಾವಣೆಯಲ್ಲಿ ಪಕ್ಕದ ಪುತ್ತೂರಿನಲ್ಲಿ ಬಿಜೆಪಿಯೊಳಗೇ ಒಡಕು ಹುಟ್ಟಿ, ಬಂಡಾಯ ಎದ್ದು, ಸ್ಥಾನ ಕಾಂಗ್ರೆಸ್ಸಿನ ಅಶೋಕ್ ಕುಮಾರ್ ರೈಯವರ ಪಾಲಾಯಿತು. ಸುಳ್ಯದಲ್ಲಿ ಒಂದು ಎಲೆಯೂ ಅಲುಗಲಿಲ್ಲ.